ಗಂಟೆಹುಳ ಕಂಡ ಸೋಮವಾರ

ತೊಳೆದು, ಒರೆಸಿ, ಕಿಟಕಿಯ ಬೆಳಕಿಗೆ ಹಿಡಿದು ನೋಡಿ, ಒಂದು ಹನಿ ನೀರನ್ನೂ ಹಾಕದೆ ಇಟ್ಟ ಗಾಜಿನ ಮೇಲೆಯೂ ಅವು ಇದ್ದವು. ದ್ವಾರಕಾನಾಥ ಮೈಕ್ರೋಸ್ಕೋಪಿನಿಂದ ಕಣ್ಣು ತೆಗೆದ. ಗಾಜಿನ ಪಟ್ಟಿಯನ್ನು ಹೊರಗೆಳೆದು ಕರವಸ್ತ್ರದ ಒಣ ಮೂಲೆಯಿಂದ ಇನ್ನೊಮ್ಮೆ ಉಜ್ಜಿದ. ಮತ್ತೆ ಇಟ್ಟು ಮತ್ತೆ ಬಗ್ಗಿದ. ಇದ್ದವು. ಎರಡು ಮೂರು ತೆಳ್ಳನೆಯ ಎಳೆಗಳು, ಎಳೆಯ ತುದಿಗೆ ಒಂದೊಂದು ಸಣ್ಣ ಉಂಗುರ, ಪಕ್ಕದಲ್ಲಿ ಬೆಂದ ಸಬ್ಬಕ್ಕಿಯ ಹಾಗೆ ಕೆಲವು ಚುಕ್ಕಿ. ನೇರವಾಗಿ ನೋಡಹೋದರೆ ನಿಧಾನವಾಗಿ ಜಾರಿಕೊಳ್ಳುತ್ತಿದ್ದವು. ಕಣ್ಣನ್ನು ಎಡಕ್ಕೆ ಹೊರಳಿಸಿದ, ಅವೂ ಎಡಕ್ಕೆ ಹೋದವು. ಬಲಕ್ಕೆ ಹೊರಳಿಸಿದ, ಒಂದು ಕ್ಷಣ ತಡವಾಗಿ ಅವೂ ಬಂದವು. ಹನ್ನೊಂದು ವರ್ಷ ಇದೇ ಸ್ಟೂಲಿನ ಮೇಲೆ ಕೂತು ನೀರಿನ ಪ್ರಾಣಿಗಳನ್ನು ನೋಡಿದವನಿಗೆ ಇದಕ್ಕಿಂತ ಹೆಚ್ಚಿನ ಸಾಕ್ಷಿ ಬೇಕಿರಲಿಲ್ಲ. ನೋಡುವವನ ಕಣ್ಣು ಎತ್ತ ಹೋಯಿತೆಂಬ ಗೊಡವೆ ನೀರಿನ ಜೀವಿಗೆ ಇರುವುದಿಲ್ಲ. ಇವು ಕಣ್ಣಿನೊಳಗೇ ಇದ್ದವು. ವಯಸ್ಸಾಗುತ್ತ ಬಂದವರ ಕಣ್ಣಿನಲ್ಲಿ ಇಂಥ ಕಸ ತೇಲಾಡುತ್ತದೆ ಎಂದು ಅವನು ಎಲ್ಲೋ ಓದಿಯೂ ಇದ್ದ. ಓದಿದ್ದನ್ನು ತನಗೆ ಹಚ್ಚಿಕೊಂಡಿರಲಿಲ್ಲ, ಅಷ್ಟೆ. ನಲವತ್ತೊಂಬತ್ತು ಏನು ಮಹಾ ವಯಸ್ಸು ಎಂದುಕೊಂಡಿದ್ದ.

ಹೂಡಿಯ ಆಚೆ, ರೈಲು ಹಳಿಗೂ ಕಾರ್ಖಾನೆಯ ಹಿಂಗೋಡೆಗೂ ನಡುವೆ ಇದ್ದ ಕೊಳಚೆ ನೀರಿನ ಪ್ಲಾಂಟಿನಲ್ಲಿ ಅವನು ಕೆಮಿಸ್ಟ್. ಫ್ಯಾಕ್ಟರಿಯಲ್ಲಿ ಏನು ಕೆಲಸ ಎಂದು ನೆಂಟರು ಕೇಳಿದರೆ ‘ನೀರಿನ ಡಿಪಾರ್ಟ್‌ಮೆಂಟು’ ಎನ್ನುತ್ತಿದ್ದ. ಕಕ್ಕಸಿನ ನೀರು ಎಂದು ಹೇಳಿ ಅವರು ಕುಡಿಯುತ್ತಿದ್ದ ಕಾಫಿಯ ರುಚಿ ಕೆಡಿಸುವುದು ಅವನಿಗೆ ಇಷ್ಟವಿರಲಿಲ್ಲ. ಕ್ವಾರ್ಟರ್ಸಿನ ಸಾವಿರ ಮನೆಗಳ ಕೊಳಚೆ, ಕ್ಯಾಂಟೀನಿನ ಜಿಡ್ಡು, ಶಾಪುಗಳಲ್ಲಿ ಕೈಕಾಲು ತೊಳೆದ ನೀರು ಎಲ್ಲವೂ ದೊಡ್ಡ ತೊಟ್ಟಿಗೆ ಬಂದು ಬೀಳುತ್ತಿತ್ತು, ಮೋಟಾರು ಅದನ್ನು ಬಿಡುವಿಲ್ಲದೆ ಮಜ್ಜಿಗೆಯಂತೆ ಕಡೆಯುತ್ತಿತ್ತು. ಆದರೆ ನೀರನ್ನು ತಿಳಿಮಾಡುವುದು ಮೋಟಾರಲ್ಲ, ಅದರೊಳಗಿನ ಕಣ್ಣಿಗೆ ಕಾಣದ ಪ್ರಾಣಿಗಳು. ಕೊಳೆಯನ್ನು ಬ್ಯಾಕ್ಟೀರಿಯಾ ತಿನ್ನುತ್ತವೆ, ಬ್ಯಾಕ್ಟೀರಿಯಾವನ್ನು ಇವು ತಿನ್ನುತ್ತವೆ. ಮೈತುಂಬ ರೋಮವಿದ್ದು, ಚಪ್ಪಲಿಯ ಅಟ್ಟೆಯ ಆಕಾರದಲ್ಲಿ ತಿರುಗಾಡುವುದು ಒಂದು. ಇನ್ನೊಂದು, ಎಳೆಯ ತುದಿಗೆ ಗಂಟೆ ಕಟ್ಟಿದಂತಿದ್ದು, ಬಾಯ ಸುತ್ತಲಿನ ರೋಮವನ್ನು ಆಡಿಸಿ ನೀರನ್ನು ಸುಳಿಯಾಗಿಸಿ ಉಣ್ಣುವುದು. ಪುಸ್ತಕದಲ್ಲಿ ಅದರ ಹೆಸರು ವೋರ್ಟಿಸೆಲ್ಲಾ. ಪ್ಲಾಂಟಿನವರ ಬಾಯಲ್ಲಿ ಗಂಟೆಹುಳ. ಗಂಟೆಹುಳ ಬಾಯಿ ತೆರೆದು ಉಣ್ಣುತ್ತಿದ್ದರೆ ನೀರು ಚೆನ್ನಾಗಿದೆ. ಮುದುಡಿ ಬಿದ್ದಿದ್ದರೆ ವಿಷ ಬಂದಿದೆ. ದಿನಾ ಬೆಳಿಗ್ಗೆ ಏಳೂವರೆಗೆ ದ್ವಾರಕಾನಾಥ ಒಂದು ಹನಿ ನೋಡಿ, ರಿಜಿಸ್ಟರಿನಲ್ಲಿ ‘ಆ್ಯಕ್ಟಿವ್’ ಎಂದು ಬರೆದು ಸಹಿ ಹಾಕಿದ ಮೇಲೆಯೇ ಆಪರೇಟರು ವಾಲ್ವಿನ ಚಕ್ರ ತಿರುಗಿಸಿ ತಿಳಿನೀರನ್ನು ಹೊರಗಿನ ಹಳ್ಳಿಯ ಕುಂಟೆಗೆ ಬಿಡಬೇಕು. ಇಲ್ಲವಾದರೆ ಅದು ಪ್ಲಾಂಟಿನ ಹಿಂದಿನ ಹೊಂಡಕ್ಕೆ ಹೋಗಬೇಕು. ಈ ಕ್ರಮವನ್ನು ಹಾಕಿಕೊಟ್ಟವನು ಅವನೇ. ಯಾರೂ ಕೇಳಿರಲಿಲ್ಲ, ಬಡ್ತಿಯನ್ನೂ ಕೊಡಲಿಲ್ಲ.

ಮೂರು ವಾರದ ಹಿಂದಿನ ಸೋಮವಾರ ಅವನು ಆ್ಯಕ್ಟಿವ್ ಎಂದು ಬರೆದ. ಆಪರೇಟರ್ ನಲ್ಲಪ್ಪ ಚಕ್ರ ತಿರುಗಿಸಿದ. ಮಧ್ಯಾಹ್ನದ ಹೊತ್ತಿಗೆ ಕುಂಟೆಯ ಮೀನೆಲ್ಲ ಹೊಟ್ಟೆ ಮೇಲಾಗಿ ತೇಲಿದವು, ಸಂಜೆ ಆ ನೀರು ಕುಡಿದಿದ್ದ ಪಿಳ್ಳಮ್ಮನ ಗಬ್ಬದ ಹಸು ಸತ್ತಿತು. ಪಿಳ್ಳಮ್ಮ ಬೇರೆ ಯಾರೂ ಅಲ್ಲ, ನಲ್ಲಪ್ಪನ ತಮ್ಮನ ಹೆಂಡತಿ. ಹಿಂದಿನ ದಿನ, ಲೋಹಕ್ಕೆ ಲೇಪ ಕೊಡುವ ಪ್ಲೇಟಿಂಗ್ ಶಾಪಿನಲ್ಲಿ ತೊಟ್ಟಿಗಳನ್ನು ತೊಳೆದಿದ್ದರು, ಆ ವಿಷದ ನೀರು ಮೋರಿಗೆ ಸೋರಿತ್ತು ಎನ್ನುವುದು ಎಲ್ಲರಿಗೂ ಗೊತ್ತಾಯಿತು. ಆದರೆ ಬೆಳಿಗ್ಗೆ ಏಳೂವರೆಗೆ ಹುಳಗಳು ಜೀವಂತ ಇದ್ದವೆಂದು ರಿಜಿಸ್ಟರು ಹೇಳುತ್ತಿತ್ತು. ಅಂದಮೇಲೆ ವಿಷವಿನ್ನೂ ದೊಡ್ಡ ತೊಟ್ಟಿಗೆ ಬಂದಿರಲಿಲ್ಲ, ಮೋರಿಯ ನೀರು ಮೊದಲು ಬಂದು ನಿಲ್ಲುವ ಚೇಂಬರಿನಲ್ಲೇ ಇತ್ತು. ಅಂದಮೇಲೆ ಆ ಚೇಂಬರಿನಿಂದ ಹಸಿ ನೀರನ್ನು ನೇರ ಕುಂಟೆಗೆ ಬಿಡುವ ಪಕ್ಕದ ಚಕ್ರವನ್ನು ನಲ್ಲಪ್ಪ ತಪ್ಪಿ ತಿರುಗಿಸಿರಬೇಕು. ಎರಡು ಚಕ್ರವೂ ಒಂದೇ ಅಳತೆ, ಒಂದೇ ಹಸಿರು ಬಣ್ಣ, ನಡುವೆ ಒಂದು ಮೊಳ ಅಂತರ. ಮಾರನೇ ದಿನ ದೊಡ್ಡ ತೊಟ್ಟಿಯ ಹುಳಗಳೂ ಸತ್ತಿದ್ದವಲ್ಲ ಎಂದರೆ, ಅದು ಆಮೇಲೆ ಬಂದ ವಿಷ ಎಂದರು. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅನ್ನುವವರೇ ಎಲ್ಲ. ನಲ್ಲಪ್ಪನಿಗೆ ಚಾರ್ಜ್‌ಶೀಟು ಕೊಟ್ಟು ಸಸ್ಪೆಂಡ್ ಮಾಡಿದರು. ಇವತ್ತು ಮೂರು ಗಂಟೆಗೆ ಎನ್‌ಕ್ವೈರಿ. ದ್ವಾರಕಾನಾಥ ಮ್ಯಾನೇಜ್‌ಮೆಂಟಿನ ಕಡೆಯ ಸಾಕ್ಷಿ. ಅವನು ಮಾಡಬೇಕಾದದ್ದು ಇಷ್ಟೆ, ರಿಜಿಸ್ಟರಿನಲ್ಲಿರುವ ಸಹಿ ತನ್ನದು ಎನ್ನುವುದು.

ಮೊನ್ನೆ ಭಾನುವಾರದವರೆಗೆ ಅವನಿಗೂ ಅದು ಅಷ್ಟೇ ಆಗಿತ್ತು. ಭಾನುವಾರ ಸುಬ್ಬಲಕ್ಷ್ಮಿ ಕ್ವಾರ್ಟರ್ಸಿನ ತಾರಸಿಯ ಮೇಲೆ ಅವನ ಹಳೆಯ ಪಂಚೆ ಹಾಸಿ ಹಪ್ಪಳ ಒಣಗಹಾಕಿದ್ದಳು. ಕಾಗೆ ಕಾಯಲು ಕೂತ ಅವನು ಪಂಚೆಯ ತುದಿಯಲ್ಲಿ ಇರುವೆ ಹರಿಯುವುದನ್ನು ಕಂಡು ಟವಲಿನಿಂದ ಕೊಡವಿದ. ಮತ್ತೆ ಬಂದವು, ಮತ್ತೆ ಕೊಡವಿದ. ಮೂರನೆಯ ಸಲಕ್ಕೆ ನಾಲ್ಕು ಹಪ್ಪಳ ನೆಲಕ್ಕೆ ಬಿತ್ತು. “ಏನ್ರೀ ಮಾಡ್ತಿದೀರಿ, ಕಾಗೆ ಕಾಯೋಕೆ ಕೂರಿಸಿದ್ರೆ ನೀವೇ ಕಾಗೆಗಿಂತ ಕಡೆಯಾದ್ರಲ್ಲ,” ಎಂದು ಹೆಂಡತಿ ಬಂದಳು. ಇರುವೆ ಎಂದ. ಎಲ್ಲಿ ಎಂದಳು. ಇಲ್ಲಿ, ಇಲ್ಲಿ ಎಂದು ಬೆರಳಿಟ್ಟು ತೋರಿಸಿದ. ಬೆರಳಿಟ್ಟ ಕಡೆಯಿಂದ ಅವು ಜಾರಿಕೊಂಡು ಪಂಚೆ ದಾಟಿ, ತಾರಸಿಯ ಕಟ್ಟೆ ದಾಟಿ, ಆಕಾಶಕ್ಕೆ ಹೋದವು. ಇರುವೆ ಆಕಾಶದಲ್ಲಿ ಹರಿಯುವುದುಂಟೆ. ಸುಬ್ಬಲಕ್ಷ್ಮಿ ನಗುತ್ತಿದ್ದಳು. ಅವಳ ನಗು ಅವನಿಗೆ ಬಹಳ ದೂರದಿಂದ ಕೇಳಿಸಿತು. ಆಕಾಶದ ತುಂಬ ಎಳೆ, ಎಳೆಯ ತುದಿಗೆ ಉಂಗುರ. ಇವನ್ನು ತಾನು ಬೇರೆ ಕಡೆ ಕಂಡಿದ್ದೇನೆ ಎನ್ನಿಸಿತು. ಎಲ್ಲಿ ಎನ್ನುವುದು ಮರುಕ್ಷಣವೇ ತಿಳಿಯಿತು, ಆ ಸೋಮವಾರದ ಗಾಜಿನ ಮೇಲೆ. ಊಟಕ್ಕೆ ಕೂತಾಗ ಹೆಂಡತಿ, “ವೈಟ್‌ಫೀಲ್ಡ್ ಕಣ್ಣಾಸ್ಪತ್ರೆಗೆ ಹೋಗಿ ಬನ್ರಿ, ಕನ್ನಡಕ ಬದಲಾಯಿಸ್ಬೇಕೇನೋ,” ಎಂದಳು. ಅವನು ಸಾರು ಕೇಳಿ ಹಾಕಿಸಿಕೊಂಡ. ಕನ್ನಡಕದ ಮಾತಾಗಿದ್ದರೆ ಎಷ್ಟು ಚೆನ್ನಾಗಿತ್ತು.

ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎಂದು ಅವನ ತಂದೆ ಮಾತುಮಾತಿಗೂ ಹೇಳುತ್ತಿದ್ದರು. ಪ್ರಮಾಣಿಸುವುದೇ ತನ್ನ ಸಂಬಳದ ಕೆಲಸ. ಆ ಸೋಮವಾರ ಪ್ರಮಾಣಿಸಲಿಲ್ಲ ಎನ್ನುವಂತೆಯೂ ಇರಲಿಲ್ಲ, ಅದೇ ಈಗ ಅವನನ್ನು ಕಡಿಯುತ್ತಿದ್ದುದು. ಆ ಬೆಳಿಗ್ಗೆ ಲ್ಯಾಬಿನಲ್ಲಿ ಜನ ಇದ್ದರು. ಪ್ಲಾಂಟಿನ ಉಸ್ತುವಾರಿಯ ಇಂಜಿನಿಯರ್ ಕೃಷ್ಣಸ್ವಾಮಿ, ಇವನಿಗಿಂತ ಹದಿನೈದು ವರ್ಷ ಚಿಕ್ಕವನು, ಹೊಸದಾಗಿ ಸೇರಿದ ಇಬ್ಬರು ಟ್ರೈನಿಗಳನ್ನು ಕರೆತಂದಿದ್ದ. ನಮ್ಮ ದ್ವಾರಕಾನಾಥ್ ಸೂಕ್ಷ್ಮದರ್ಶಕದ ಜ್ಯೋತಿಷಿ, ಹನಿ ನೋಡಿ ಭವಿಷ್ಯ ಹೇಳ್ತಾರೆ ಎಂದು ನಗಿಸಿದ್ದ. ನಕ್ಕವರ ಜೊತೆ ತಾನೂ ನಕ್ಕು ಗಾಜಿಗೆ ಹನಿ ಹಾಕುತ್ತಿದ್ದಾಗ ನಲ್ಲಪ್ಪ ಬಾಗಿಲಲ್ಲಿ ಬಂದು ನಿಂತ. ಮೊಣಕೈವರೆಗೆ ಒದ್ದೆ. ದಿನಾ ಬೆಳಿಗ್ಗೆ ತೊಟ್ಟಿಯ ನೊರೆಯನ್ನು ಅಂಗೈಯಲ್ಲಿ ಉಜ್ಜಿ ಮೂಸುವುದು ಅವನ ಅಭ್ಯಾಸ. “ಸಾರ್, ಇವತ್ತು ನೀರು ಬಿಡಾದು ಬ್ಯಾಡ ಅನ್ನಿಸ್ತೈತೆ. ಮಣ್ಣು ವಾಸ್ನೆ ಇಲ್ಲ. ಇತ್ತಾಳೆ ಚೊಂಬು ಉಜ್ಜಿದ್ ಕೈ ನಾರ್ದಂಗೆ ನಾರ್ತೈತೆ,” ಎಂದ. ಟ್ರೈನಿಗಳಲ್ಲಿ ಒಬ್ಬ ಇಂಗ್ಲಿಷಿನಲ್ಲಿ ಏನೋ ಹೇಳಿದ, ಇನ್ನೊಬ್ಬ ನಗು ತಡೆಯಲು ಬಾಯಿಗೆ ಕೈ ಹಿಡಿದ. ಕೃಷ್ಣಸ್ವಾಮಿ, “ಏನ್ ಸಾರ್, ಹಾಗಾದ್ರೆ ಮೈಕ್ರೋಸ್ಕೋಪ್ ಯಾಕೆ, ಇವನ ಮೂಗೇ ಸಾಕಲ್ಲ,” ಎಂದ. ದ್ವಾರಕಾನಾಥನ ಕಿವಿ ಬಿಸಿಯಾಯಿತು. ನೋಡಿದ. ಬೆಳಕು ತುಂಬಿದ ವೃತ್ತದಲ್ಲಿ ಎಳೆಗಳು ತೇಲಿದವು, ಉಂಗುರಗಳು ತೇಲಿದವು. “ಎಲ್ಲಾ ಸರಿಯಾಗಿದೆ, ಹೋಗಯ್ಯ,” ಎಂದ. ನಲ್ಲಪ್ಪ ಹೋಗಲಿಲ್ಲ. “ಇನ್ನೊಂದ್ ಸಲ ಸರ್ಯಾಗಿ ನೋಡ್ಬುಡಿ ಸಾರ್,” ಎಂದ.

ಸರಿಯಾಗಿ ನೋಡು ಎಂದು ತನಗೆ, ಹುಡುಗರ ಎದುರಿಗೆ, ಹೆಬ್ಬೆಟ್ಟು ಒತ್ತಿ ಸಂಬಳ ತೆಗೆದುಕೊಳ್ಳುವವನು. ಆಗ ಎರಡನೇ ಸಲ ಬಗ್ಗಿದ್ದ. ಆ ಎರಡನೇ ಸಲದ ನೋಟವನ್ನು ಭಾನುವಾರದಿಂದ ಎಷ್ಟು ಸಲ ಬಿಚ್ಚಿ ನೋಡಿದ್ದನೋ ಲೆಕ್ಕವಿಲ್ಲ. ಕಣ್ಣು ಸ್ವಲ್ಪ ಹೊರಳಿತ್ತು. ಎಳೆಗಳು ಕಣ್ಣಿನ ಹಿಂದೆಯೇ ಬಂದಿದ್ದವು. ಅರೆಕ್ಷಣ, ಅರೆಕ್ಷಣವೂ ಅಲ್ಲ, ಇದೇನೋ ಬೇರೆ ಎಂದು ತಲೆಯೊಳಗೆ ಯಾರೋ ಹೇಳಿದ್ದರು. ಯಾರೋ ಏನು, ತಾನೇ. ಅವುಗಳ ಹಿಂದೆ, ಸ್ವಲ್ಪ ಕೆಳಗೆ, ಕೊಳೆಯ ಕಂದು ಮುದ್ದೆಗಳ ಅಂಚಿನಲ್ಲಿ ನಿಜವಾದ ಗಂಟೆಹುಳಗಳು ಇದ್ದವು. ಅವು ಅಲ್ಲಾಡುತ್ತಿರಲಿಲ್ಲ. ಇಷ್ಟು ಕಂಡಿತ್ತೆ, ಅಥವಾ ಈಗ ಕಂಡಿತ್ತೆಂದು ಕಲ್ಪಿಸಿಕೊಳ್ಳುತ್ತಿದ್ದೇನೆಯೆ ಎಂದು ತನ್ನನ್ನು ಕೇಳಿಕೊಂಡರೆ ಒಂದು ಉತ್ತರ ಸಿಗುತ್ತಿತ್ತು; ಮತ್ತೊಮ್ಮೆ ಕೇಳಿದರೆ ಬೇರೆ ಉತ್ತರ. ಆದರೆ ಕೈ ಪೆನ್ನಿಗೆ ಹೋಗುವ ಮೊದಲು ಸ್ವಲ್ಪ ತಡೆದದ್ದು ಮಾತ್ರ ಸುಳ್ಳಲ್ಲ. ತಡೆದ ಕೈಯನ್ನು ಮುಂದೆ ತಳ್ಳಿದ್ದು ನಾಚಿಕೆ. ಇವನ ಮೂಗು ಗೆಲ್ಲಬಾರದು ಎನ್ನುವುದು ಬಿಟ್ಟರೆ ಆ ಗಳಿಗೆಯಲ್ಲಿ ಅವನಿಗೆ ಬೇರೆ ಏನೂ ಬೇಕಾಗಿರಲಿಲ್ಲ. ಥೂ ಎಂದು ಈಗ ಖಾಲಿ ಲ್ಯಾಬಿನಲ್ಲಿ ಗಟ್ಟಿಯಾಗಿಯೇ ಅಂದುಕೊಂಡ.

ಆ ಮನುಷ್ಯನಿಗೆ ಮೈಕ್ರೋಸ್ಕೋಪು ತೋರಿಸಿದವನೂ ತಾನೇ. ಪ್ಲಾಂಟು ಶುರುವಾದ ವರ್ಷ. ಜಮೀನು ಕೊಟ್ಟ ಮನೆಗೊಬ್ಬರಿಗೆ ಕೆಲಸ ಎಂಬ ಲೆಕ್ಕದಲ್ಲಿ ನಲ್ಲಪ್ಪ ಸೇರಿದ್ದ. ಅವರಪ್ಪನ ರಾಗಿ ಹೊಲವಿದ್ದ ಜಾಗದಲ್ಲೇ ಈಗ ಪ್ಲೇಟಿಂಗ್ ಶಾಪು ನಿಂತಿದೆ. ಒಂದು ದಿನ, ಅದೇನು ಸಾರ್ ಯಾವಾಗ್ಲೂ ಬಗ್ಗಿ ನೋಡ್ತೀರಿ ಎಂದು ಕೇಳಿದ್ದಕ್ಕೆ, ಬಾ ನೋಡು ಎಂದಿದ್ದ. ನಲ್ಲಪ್ಪ ಚಪ್ಪಲಿಯನ್ನು ಬಾಗಿಲಾಚೆ ಬಿಟ್ಟು ಬಂದು, ತಲೆಗೆ ಸುತ್ತಿದ್ದ ಟವಲನ್ನು ತೆಗೆದು ಹೆಗಲಿಗೆ ಹಾಕಿಕೊಂಡು ಬಗ್ಗಿದ. ಒಂದು ಕಣ್ಣು ಮುಚ್ಚಿ ಬಹಳ ಹೊತ್ತು ನೋಡಿದ. ಆಮೇಲೆ, “ಇಷ್ಟೊಂದು ಜನ ಅವ್ರೆ,” ಎಂದ. ಜನವಲ್ಲವೋ, ಹುಳ ಎಂದರೆ, “ಎಲ್ರೂ ಉಣ್ತಾ ಅವ್ರೆ ಸಾರ್, ಪಂಕ್ತೀಲಿ ಕುಂತಂಗೆ,” ಎಂದ. ಅಂದಿನಿಂದ ದಿನಾ ಬೆಳಿಗ್ಗೆ ಚಕ್ರ ತಿರುಗಿಸುವ ಮೊದಲು ಬಾಗಿಲಿಗೆ ಬಂದು, “ಉಂಡವ್ರಾ ಸಾರ್?” ಎಂದು ಕೇಳುವುದು, ಇವನು ಉಂಡಿದ್ದಾರೆ ಹೋಗಯ್ಯ ಎನ್ನುವುದು ವಾಡಿಕೆಯಾಯಿತು. ಹನ್ನೊಂದು ವರ್ಷದಲ್ಲಿ ಆ ಸೋಮವಾರ ಒಂದು ದಿನ ಮಾತ್ರ ನಲ್ಲಪ್ಪ ಹಾಗೆ ಕೇಳಿರಲಿಲ್ಲ.

ಹನ್ನೊಂದು ಗಂಟೆಗೆ ಜೀಪು ನಿಂತ ಸದ್ದಾಯಿತು. ಕೃಷ್ಣಸ್ವಾಮಿ ಒಳಗೆ ಬಂದು, ಕೂರದೆ, ಮೇಜಿನ ಮೇಲಿದ್ದ ಗಾಜಿನ ಕೊಳವೆಯೊಂದನ್ನು ಎತ್ತಿ ತಿರುಗಿಸುತ್ತ ಮಾತಾಡಿದ. “ಏನಿಲ್ಲ ಸಾರ್, ಎರಡು ನಿಮಿಷದ ಕೆಲಸ. ರಿಜಿಸ್ಟರ್ ತೋರಿಸ್ತಾರೆ, ನಿಮ್ಮ ಸಿಗ್ನೇಚರಾ ಅಂತಾರೆ, ಹೌದು ಅನ್ನಿ. ಅಷ್ಟೆ. ಅವನೇ ಸ್ಟೇಟ್‌ಮೆಂಟಲ್ಲಿ ಒಪ್ಕೊಂಡಿದಾನೆ, ಕೈ ತಪ್ಪಿರಬಹುದು ಅಂತ.”

“ಒಪ್ಕೊಂಡಿದಾನಾ?” ದ್ವಾರಕಾನಾಥನಿಗೆ ಇದು ಗೊತ್ತಿರಲಿಲ್ಲ. “ವಾಸನೆ ಬಂತು ಅಂತ ಹೇಳಿದ್ದು? ನೀವೂ ಇದ್ರಲ್ಲ.”

“ಅದನ್ನ ಅವನು ಹೇಳೇ ಇಲ್ಲ ಸಾರ್. ಅವನು ಹೇಳದೇ ಇರೋದನ್ನ ನಾವ್ಯಾಕೆ ಎತ್ತೋಣ.” ಕೃಷ್ಣಸ್ವಾಮಿ ಕೊಳವೆಯನ್ನು ಅದರ ಜಾಗದಲ್ಲಿಡದೆ ಬೇರೆ ಕಡೆ ಇಟ್ಟ. “ಡಿಸ್ಮಿಸ್ ಏನೂ ಮಾಡಲ್ಲ ಬಿಡಿ. ಇನ್‌ಕ್ರಿಮೆಂಟ್ ಕಟ್ ಮಾಡಿ ಬೇರೆ ಶಾಪಿಗೆ ಹಾಕ್ತಾರೆ. ಹಳ್ಳಿಯವರಿಗೂ ಒಬ್ಬ ಸಿಕ್ಕ ಅಂತ ಸಮಾಧಾನ ಆಗತ್ತೆ.”

ಜೀಪು ಹೋದ ಮೇಲೆ ದ್ವಾರಕಾನಾಥ ಒಂದು ಹಾಳೆ ತೆಗೆದುಕೊಂಡು ಬರೆಯತೊಡಗಿದ. ನನ್ನ ದೃಷ್ಟಿಯಲ್ಲಿ ದೋಷವಿರುವುದು ಈಚೆಗೆ ನನ್ನ ಗಮನಕ್ಕೆ ಬಂದಿದೆ. ಆ ದಿನ ನಾನು ಕಂಡದ್ದು ಜೀವಿಗಳನ್ನಲ್ಲ, ನನ್ನ ಕಣ್ಣಿನೊಳಗಿನ ಕಣಗಳನ್ನು. ಪ್ರಾಮಾಣಿಕವಾಗಿ ಆದ ಈ ತಪ್ಪಿಗೆ ವಿಷಾದಿಸುತ್ತೇನೆ. ಬರೆದು ಓದಿಕೊಂಡ. ಚೆನ್ನಾಗಿತ್ತು. ಓದಿದವರಿಗೆ ಕನಿಕರ ಹುಟ್ಟುವಂತಿತ್ತು. ನೋಡಿ, ಯಾರೂ ಕೇಳದಿದ್ದರೂ ತಾನಾಗಿ ಬಂದು ಹೇಳಿದ ಎನ್ನುವಂತಿತ್ತು. ಪ್ರಾಮಾಣಿಕವಾಗಿ ಎನ್ನುವ ಮಾತಿನ ಹತ್ತಿರ ಬಂದಾಗ ಮಾತ್ರ ಕಣ್ಣು ತಾನಾಗಿ ಪಕ್ಕಕ್ಕೆ ಸರಿಯುತ್ತಿತ್ತು. ಅದನ್ನು ಹೊಡೆದುಹಾಕಿ ‘ಅಚಾತುರ್ಯದಿಂದ’ ಎಂದು ಬರೆದ. ಅರೆಕ್ಷಣದ ಮಾತು ಯಾರಿಗೂ ಬೇಡ. ಅರೆಕ್ಷಣಕ್ಕೆ ಸಾಕ್ಷಿಯಿಲ್ಲ. ನಲ್ಲಪ್ಪ ಬಿಡುಗಡೆಯಾದರೆ ಸಾಕಲ್ಲವೆ, ತನ್ನ ಚರ್ಮ ಸುಲಿದು ತೋರಿಸಬೇಕೆಂದು ಯಾವ ಶಾಸ್ತ್ರದಲ್ಲಿ ಹೇಳಿದೆ. ಊಟದ ಡಬ್ಬಿ ತೆಗೆದು ಎರಡು ತುತ್ತು ಮೊಸರನ್ನ ತಿಂದ, ಮಿಕ್ಕದ್ದನ್ನು ಮುಚ್ಚಿಟ್ಟ.

ಪರ್ಸೊನೆಲ್ ಆಫೀಸಿನ ಪಡಸಾಲೆಯ ಬೆಂಚಿನ ಮೇಲೆ ನಲ್ಲಪ್ಪ ಒಬ್ಬನೇ ಕೂತಿದ್ದ. ಯೂನಿಯನ್ನಿನವರು ಯಾರೂ ಬಂದಿರಲಿಲ್ಲ. ಒಪ್ಪಿಕೊಂಡವನ ಕೇಸಿಗೆ ನಾವು ಬಂದು ಏನು ಮಾಡುವುದು ಎಂದಿದ್ದರಂತೆ. ಒಗೆದು ನೀಲಿ ಹಾಕಿದ ಬಿಳಿ ಷರಟು ತೊಟ್ಟಿದ್ದ. ಮೂರು ವಾರದಲ್ಲಿ ಕೆನ್ನೆ ಒಳಕ್ಕೆ ಹೋಗಿತ್ತು. ಇವನನ್ನು ಕಂಡು ಎದ್ದು ನಿಂತ. “ಕೂತ್ಕೋ ನಲ್ಲಪ್ಪ,” ಎಂದರೂ ಕೂರಲಿಲ್ಲ. “ಉಳ ಎಂಗವೆ ಸಾರ್?” ಎಂದು ಕೇಳಿದ. ದ್ವಾರಕಾನಾಥ ಬಾಗಿಲಿನ ಮೇಲಿನ ಹಿತ್ತಾಳೆ ಬೋರ್ಡನ್ನು ನೋಡಿದ. ಹುಳಗಳು ವಾಪಸು ಬರುತ್ತಿದ್ದವು. ಮೊದಲು ತೀರ ಚಿಕ್ಕವು, ಆಮೇಲೆ ಚಪ್ಪಲಿಹುಳ, ಇವತ್ತು ಬೆಳಿಗ್ಗೆ ಕಣ್ಣನ್ನು ಕಲ್ಲಿನಂತೆ ನಿಲ್ಲಿಸಿಕೊಂಡು ನೋಡಿದಾಗ ಒಂದು ಮುದ್ದೆಯ ಅಂಚಿನಲ್ಲಿ ಎರಡು ಗಂಟೆಹುಳ ಕಂಡಿದ್ದವು. ಮುಟ್ಟಿದರೆ ಮುದುಡಿ, ಮತ್ತೆ ನಿಧಾನವಾಗಿ ಬಾಯಿ ಬಿಟ್ಟಿದ್ದವು. ಇಷ್ಟನ್ನೂ ಹೇಳಬಹುದಿತ್ತು, ಹೇಳಿದ್ದರೆ ಆ ಮನುಷ್ಯನಿಗೆ ಸಂತೋಷವಾಗುತ್ತಿತ್ತು. “ಪರವಾಗಿಲ್ಲ,” ಎಂದಷ್ಟೇ ಅಂದ. “ನೀನ್ಯಾಕೆ ಒಪ್ಕೊಂಡೆ?” ಎಂದು ಕೇಳಬೇಕೆಂದಿದ್ದಾಗ ಒಳಗಿನಿಂದ ಕರೆದರು.

ಎನ್‌ಕ್ವೈರಿ ಆಫೀಸರ್ ನರಸಿಂಹಯ್ಯ ನಿವೃತ್ತಿಗೆ ಹತ್ತಿರವಾದ, ಜಗಳವೆಂದರೆ ಆಗದ ಮನುಷ್ಯ. ಪಕ್ಕದಲ್ಲಿ ಕೃಷ್ಣಸ್ವಾಮಿ. ಮೂಲೆಯ ಮೇಜಿನಲ್ಲಿ ಟೈಪಿಸ್ಟ್ ಚಿನ್ನಪ್ಪ. ನಲ್ಲಪ್ಪನಿಗೆ ಎದುರಿನ ಕುರ್ಚಿ ತೋರಿಸಿದರು. ಅವನು ಅದರ ತುದಿಯಲ್ಲಿ ಕೂತ. ರಿಜಿಸ್ಟರು ತೆರೆದೇ ಇತ್ತು. ತನ್ನ ಕೈಬರಹ ಎಷ್ಟು ದುಂಡಗೆ, ಎಷ್ಟು ಸಮಾಧಾನವಾಗಿದೆ ಎಂದು ದ್ವಾರಕಾನಾಥನಿಗೆ ಆಶ್ಚರ್ಯವಾಯಿತು.

“ಇದು ನಿಮ್ಮ ಸಹೀನೇ ತಾನೆ?”

“ಸಹಿ ನನ್ನದೇ. ಬರೆದಿರೋದು ತಪ್ಪು,” ಎಂದು ಅವನು ಜೇಬಿನಿಂದ ಹಾಳೆ ತೆಗೆದು ಓದಿದ. ಓದುವಾಗ ದನಿ ನಡುಗಲಿಲ್ಲ, ಅದು ಅವನಿಗೇ ಸ್ವಲ್ಪ ಹೆಮ್ಮೆಯೆನ್ನಿಸಿತು. ಚಿನ್ನಪ್ಪನ ಟೈಪ್‌ರೈಟರು ನಾಲ್ಕು ಅಕ್ಷರ ಹೊಡೆದು ನಿಂತಿತು, ನರಸಿಂಹಯ್ಯ ಕೈ ಎತ್ತಿದ್ದರು.

“ದ್ವಾರಕಾನಾಥ್, ನೀವು ಒಳ್ಳೇ ಮನುಷ್ಯರು. ಎಲ್ಲರಿಗೂ ಗೊತ್ತು,” ಎಂದರು. “ಬಡವ, ಜೊತೇಲಿ ಕೆಲಸ ಮಾಡಿದೋನು, ಅಯ್ಯೋ ಅನ್ಸತ್ತೆ. ಆದ್ರೆ ಹನ್ನೊಂದು ವರ್ಷದ ರಿಜಿಸ್ಟರ್ ತರಿಸಿ ನೋಡಿದೀನಿ ನಾನು. ಒಂದು ಅಕ್ಷರ ತಿದ್ದಿಲ್ಲ ನೀವು. ಮಾರನೇ ದಿನ ಸತ್ತಿದ್ದಾವೆ ಅಂತ ಬರೆದವರೂ ನೀವೇ. ಮಂಗಳವಾರ ಕಂಡ ಕಣ್ಣಿಗೆ ಸೋಮವಾರ ಕಾಣ್ಲಿಲ್ಲ ಅಂದ್ರೆ ನಾನು ಹೆಂಗ್ರೀ ನಂಬಲಿ?”

“ಇದು ಸೆಂಟಿಮೆಂಟು ಸಾರ್,” ಎಂದ ಕೃಷ್ಣಸ್ವಾಮಿ, ಇವನನ್ನು ನೋಡದೆ.

ಆಗ ನಲ್ಲಪ್ಪ ಎದ್ದು ನಿಂತ. ಕೈ ಮುಗಿದಿದ್ದ. ಮುಗಿದ ಕೈ ಯಾರ ಕಡೆಗೆ ಎನ್ನುವುದು ತಿಳಿಯುವಂತಿರಲಿಲ್ಲ. “ಬ್ಯಾಡಿ ಸಾರ್,” ಎಂದ. “ಅವ್ರು ನನ್ನ ಉಳಿಸಕ್ಕೆ ಅಂಗೇಳ್ತಾವ್ರೆ. ಅವ್ರು ನೋಡಿ ಬರ್ದಿದ್ದು ಯಾವತ್ತೂ ತಪ್ಪಾಗಿಲ್ಲ. ನಂದೇ ತಪ್ಪಿರ್ಬೇಕು. ಅವತ್ತು ನಂಗೆ ಏನೋ ವಾಸ್ನೆ ಬಂದಂಗಾಯ್ತು. ಎರಡ್ ಸಲ ನೋಡಿ ಇಲ್ಲ ಅಂದ್ರು. ಅಂಗಾದ್ರೆ ನನ್ ಮೂಗೇ ಕೆಟ್ಟೈತೆ. ಮೂಗು ಕೆಟ್ಟೋನಿಗೆ ಕೈ ಕೆಡಾದಿಲ್ವಾ ಸಾರ್? ಯಾವ ಚಕ್ರ ತಿರುಗಿಸ್ದೆ ಅಂತ ದಿನಾ ಗ್ಯಾನ ಮಾಡ್ಕಂತೀನಿ. ಒಂದಿನ ಈ ಕಡೇದು ಅನ್ನಿಸ್ತೈತೆ, ಒಂದಿನ ಆ ಕಡೇದು.”

ದ್ವಾರಕಾನಾಥ ಕೈಯಲ್ಲಿದ್ದ ಹಾಳೆಯನ್ನು ನೋಡಿದ. ಅದರಲ್ಲಿ ಎಲ್ಲವೂ ಇತ್ತು. ಆ ಅರೆಕ್ಷಣ ಮಾತ್ರ ಇರಲಿಲ್ಲ. ತನ್ನ ಒಂದು ಪದವನ್ನು ನಂಬಿ ಒಬ್ಬ ಮನುಷ್ಯ ತನ್ನ ಮೂಗನ್ನು ಬಿಟ್ಟುಕೊಟ್ಟಿದ್ದ, ಆಮೇಲೆ ತನ್ನ ಕೈಯನ್ನು, ಈಗ ನೆನಪನ್ನೂ ಬಿಟ್ಟುಕೊಡುತ್ತಿದ್ದ. ಕಣ್ಣಿನ ದೋಷದ ಕತೆಯನ್ನು ಈ ಕೋಣೆಯಲ್ಲಿ ಯಾರೂ ನಂಬುವುದಿಲ್ಲ, ಎಲ್ಲರಿಗಿಂತ ಮೊದಲು ನಲ್ಲಪ್ಪ ನಂಬುವುದಿಲ್ಲ. ಇನ್ನು ಸುಮ್ಮನಿದ್ದುಬಿಡಬಹುದು, ಹೇಳಿದೆ, ನಂಬಲಿಲ್ಲ ಎಂದುಕೊಂಡು ಮೊಸರನ್ನದ ಡಬ್ಬಿ ತೆಗೆದುಕೊಂಡು ಮನೆಗೆ ಹೋಗಬಹುದು. ಹೋಗಬಹುದು ಎನ್ನುವುದು ಎಷ್ಟು ಸ್ಪಷ್ಟವಾಗಿ ಕಂಡಿತೆಂದರೆ ಅವನಿಗೆ ತನ್ನ ಬಗ್ಗೆ ಹೇಸಿಗೆಯಾಯಿತು. ಹಾಳೆಯನ್ನು ಮಡಿಸಿದ.

“ನಲ್ಲಪ್ಪ, ನನಗೆ ಗೊತ್ತಿತ್ತು,” ಎಂದ. ದನಿ ಈಗ ನಡುಗುತ್ತಿತ್ತು. “ಎರಡನೇ ಸಲ ನೋಡಿದಾಗ ಗೊತ್ತಾಯ್ತು. ನಾನು ಕಣ್ಣು ಹೊರಳಿಸಿದ ಕಡೆ ಅವೂ ಬಂದವು. ಹುಳ ಹಾಗೆ ಬರಲ್ಲ. ನಿಜವಾದ ಹುಳ ಹಿಂದೆ ಸತ್ತು ಬಿದ್ದಿತ್ತು. ಮಂಗಳವಾರ ಕಂಡದ್ದು ಸೋಮವಾರವೂ ಕಂಡಿತ್ತು. ಆದ್ರೆ ನೀನು ಹೇಳಿದ್ದು ಸರಿ ಅಂತ ಆ ಹುಡುಗರ ಮುಂದೆ ಬರೆಯೋಕೆ ನನ್ನ ಕೈಯಲ್ಲಿ ಆಗಲಿಲ್ಲ. ನೀನು ಮೂಗಿನಲ್ಲಿ ಕಂಡುಹಿಡಿದೆ, ನಾನು ಓದಿದವನು. ಅದಕ್ಕೇ ಬರೆದೆ. ಕೃಷ್ಣಸ್ವಾಮಿಯವರು ಅಲ್ಲೇ ಇದ್ರು, ನೀನು ಬೇಡ ಅಂದಿದ್ದನ್ನ ಕೇಳಿಸ್ಕೊಂಡಿದಾರೆ.”

ಕೃಷ್ಣಸ್ವಾಮಿ ಕುರ್ಚಿಯಲ್ಲಿ ಸರಿದು ಕೂತ, ಇಲ್ಲ ಎನ್ನಲಿಲ್ಲ. ನರಸಿಂಹಯ್ಯನವರ ಎತ್ತಿದ್ದ ಕೈ ಮೇಜಿನ ಮೇಲೆ ಇಳಿಯಿತು. ಸುಳ್ಳು ಹೇಳಿ ಒಬ್ಬನನ್ನು ಉಳಿಸುವವನು ತನ್ನನ್ನು ಇಷ್ಟು ಚಿಕ್ಕವನನ್ನಾಗಿ ಮಾಡಿಕೊಳ್ಳುವುದಿಲ್ಲ ಎನ್ನುವುದು ಆ ವಯಸ್ಸಾದ ಮನುಷ್ಯನಿಗೆ ಹೊಳೆದಿರಬೇಕು. “ಚಿನ್ನಪ್ಪ, ಬರ್ಕೊಳಯ್ಯ,” ಎಂದರು.

ಟೈಪ್‌ರೈಟರು ಓಡತೊಡಗಿತು. ನಲ್ಲಪ್ಪ ಇನ್ನೂ ನಿಂತೇ ಇದ್ದ. ಮುಗಿದ ಕೈ ಬಿಡಿಸಿಕೊಂಡಿತ್ತು. “ಅಂಗಾದ್ರೆ ನಾನು ತಿರುಗಿಸಿದ್ದು ಸರಿ ಚಕ್ರಾನೇ?” ಎಂದು ಕೇಳಿದ.

“ಸರಿ ಚಕ್ರಾನೇ.”

“ಕಂಡಿತಾ?”

“ಖಂಡಿತ. ನಿನ್ನದು ಏನೂ ತಪ್ಪಿಲ್ಲ.”

ನಲ್ಲಪ್ಪನ ಮುಖದಲ್ಲಿ ಸಂತೋಷ ಬರುತ್ತದೆಂದು ದ್ವಾರಕಾನಾಥ ಕಾದ. ಬೈಗುಳ ಬರಬಹುದೆಂದೂ ಕಾದ, ಅದಕ್ಕೂ ಸಿದ್ಧನಾಗಿದ್ದ, ಬಂದರೆ ಹಗುರವಾಗುತ್ತದೆ ಎಂದೂ ಆಸೆಪಟ್ಟ. ಎರಡೂ ಬರಲಿಲ್ಲ. ನಲ್ಲಪ್ಪ ಬಹಳ ಹೊತ್ತು ಇವನ ಮುಖವನ್ನೇ ನೋಡಿದ. ಹನ್ನೊಂದು ವರ್ಷದಲ್ಲಿ ಹೀಗೆ ನೇರವಾಗಿ ನೋಡಿದವನಲ್ಲ.

“ಪಿಳ್ಳಮ್ಮ ನನ್ ತಮ್ಮನ ಎಂಡ್ರು,” ಎಂದ, ದನಿ ಏರಿಸದೆ. “ಮದ್ವೆಯಾಗಿ ಬಂದು ಅದ್ನೆಂಟು ವರ್ಸ ಆಯ್ತು. ನಾನು ಭಾವ. ಒಂದಿನ ನನ್ ಮುಂದೆ ನಿಂತು ಮಾತಾಡ್ದೋಳಲ್ಲ, ನಾನು ಬಂದ್ರೆ ಸೆರಗೊದ್ದು ಬಾಗ್ಲ ಇಂದಕ್ಕೋಗ್ತಾಳೆ. ಓದ್ ವಾರ ಊರೋರ್ ಎಲ್ಲಾರ್ ಮುಂದೆ ಅವಳ ಕಾಲಿಗೆ ಬಿದ್ದೆ ಸಾರ್. ತಪ್ಪಾಯ್ತು ಅಂತ. ಅಯ್ಯೋ ಬ್ಯಾಡಿ ಭಾವ ಅಂತ ಇಂದಿಂದಕ್ಕೆ ಓದ್ಳು. ನಾನು ಬಿಡ್ಲಿಲ್ಲ, ಇಡ್ಕಂಡೆ.”

ಟೈಪ್‌ರೈಟರು ನಿಂತಿತು. “ಸಾರ್, ಇದನ್ನೂ ಹಾಕಬೇಕಾ?” ಎಂದು ಚಿನ್ನಪ್ಪ ಕೇಳಿದ. ನರಸಿಂಹಯ್ಯ ದ್ವಾರಕಾನಾಥನ ಕಡೆ ನೋಡಿದರು.

“ಹಾಕಿ,” ಎಂದ ದ್ವಾರಕಾನಾಥ.